ತೊಲೆಗೆ ಕಟ್ಟಿದ ಬಿಲ್ಲು

"ಮುಂಡೆ, ಬಿಲ್ಲು ತೂಗಾಕಕ್ಕೆ ನನ್ನ ಮನೆ ತೊಲೇನೇ ಬೇಕಾ ನಿಂಗೆ? ನಿನ್ ಗಂಡನ ಗೋರಿಗೆ ಕಟ್ಕೊಂಡು ಪಿಂಜು ಹೋಗೇ!"

ಶಿವಮೊಗ್ಗದ ಕೋರ್ಟಿನ ಜಗಲಿಯಲ್ಲಿ ಜನರೆಲ್ಲ ತಿರುಗಿ ನೋಡುವಂತೆ ಶೇಷಪ್ಪ ಕೂಗಿದ. ಅಮೀರುನ್ನೀಸಾ ಸೆರಗನ್ನು ಹಣೆಯವರೆಗೆ ಎಳೆದುಕೊಂಡಳು. ಭದ್ರಾವತಿಯ ಓಲ್ಡ್ ಟೌನಿನಲ್ಲಿ ಅವನ ಒಂದಂಕಣದ ಮನೆಗೆ ಅವಳು ಬಾಡಿಗೆಯವಳು. ಗಂಡ ಮೆಹಬೂಬ್ ಸಾಬ್ ಸತ್ತ ಮೇಲೆ ಅವನ ಹತ್ತಿ ಪಿಂಜುವ ಬಿಲ್ಲನ್ನು ಅವಳೇ ಹಿಡಿದಿದ್ದಳು. ಆಳೆತ್ತರದ ಬಿಲ್ಲು. ತೊಲೆಗೆ ತೂಗುಹಾಕದಿದ್ದರೆ ಅದರ ಭಾರಕ್ಕೇ ತೋಳು ಸೋತುಹೋಗುತ್ತದೆ. ಕಾರ್ಖಾನೆಯವರು ಹೆಚ್ಚು ಬಾಡಿಗೆ ಕೊಡುತ್ತಾರೆಂದು ಶೇಷಪ್ಪ ಅವಳನ್ನು ಬಿಡಿಸಲು ದಾವೆ ಹೂಡಿದ್ದ.

ಅವಳ ವಕೀಲರು ಬಂದರು. "ರಾಜಿಗೆ ಒಪ್ಪಿದಾರೆ ಕಣಮ್ಮ. ನೀನು ಮನೇಲೇ ಇರ್ಬೋದು. ಆದ್ರೆ ಮನೇಲಾಗ್ಲಿ, ಅಂಗಳದಲ್ಲಾಗ್ಲಿ ಬಿಲ್ಲು ಕಟ್ಟಂಗಿಲ್ಲ. ಪಿಂಜಿದ್ದು ಕಂಡ್ರೆ ಅವತ್ತೇ ಖಾಲಿ."

"ಪಿಂಜ್ದೆ ಏನ್ ತಿನ್ಲಿ ಸಾಮಿ? ತೊಲೆ ನೋಡ್ಕೊಂಡ್ ಕೂರ್ಲಾ?"

"ಸೋತ್ರೆ ತೊಲೇನೂ ಇರಲ್ಲ. ಏಳೋಕಾಗ್ದಿರೋ ಅತ್ತೇನ ಈ ಮಳೇಲಿ ಎಲ್ಲಿಗ್ ಹೊತ್ಕೊಂಡ್ ಹೋಗ್ತೀಯ?"

ಬಾಗಿಲಲ್ಲಿದ್ದ ಜವಾನ ಪುಟ್ಟಣ್ಣ ತನ್ನ ಸ್ಟೂಲನ್ನು ಕಾಲಿನಿಂದ ಮೆಲ್ಲಗೆ ಅವಳತ್ತ ಸರಿಸಿ, ಏನೂ ಮಾಡದವನಂತೆ ಆಚೆ ಮುಖ ತಿರುಗಿಸಿ ನಿಂತ. ಅವಳು ಕೂತಳು. ಹೆಸರು ಕೂಗುವವರೆಗೂ ಅವನು ನಿಂತೇ ಇದ್ದ.

ಒಳಗೆ ನ್ಯಾಯಾಧೀಶರು ಷರತ್ತುಗಳನ್ನು ಕನ್ನಡದಲ್ಲೇ ಬಿಡಿಸಿ ಹೇಳಿದರು. "ಇದಕ್ಕೆ ಯಾರ ಬಲವಂತವೂ ಇಲ್ಲ ತಾನೇ?"

ಅಮೀರುನ್ನೀಸಾ ಶೇಷಪ್ಪನನ್ನು ನೋಡಿದಳು, ತನ್ನ ವಕೀಲರನ್ನು ನೋಡಿದಳು. ಅವರು ಕೈಗಡಿಯಾರ ನೋಡುತ್ತಿದ್ದರು.

"ಇಲ್ಲ ಸಾಮಿ," ಎಂದು ಹೆಬ್ಬೆಟ್ಟು ಒತ್ತಿದಳು.

ಹೊರಗೆ ಶೇಷಪ್ಪ ಎಲೆಯಡಿಕೆ ಉಗಿದು ನಕ್ಕ. "ನೋಡ್ದಾ, ನಾನೇನ್ ಕೆಟ್ಟೋನಲ್ಲ ಮಾರಾಯ್ತಿ. ಸೋಮ್ವಾರ ಹೆಣ್ಣು ನೋಡಕ್ಕೆ ಬೀಗ್ರು ಬರ್ತಾರೆ. ನಮ್ಮನೆ ಹಾಸ್ಗೆ ಹತ್ತಿ ನಿನ್ ಹತ್ರಾನೇ ಐತಲ್ಲ, ಬೇಗ ತುಂಬ್ಕೊಡು."

ಧಣಿಯ ಮನೆಯ ಹಾಸಿಗೆಗಳನ್ನು ವರ್ಷಕ್ಕೊಮ್ಮೆ ಬಿಚ್ಚಿ ಪಿಂಜಿಕೊಡುವುದು ಬಾಡಿಗೆಯ ಮೇಲಿನ ಬಿಟ್ಟಿ. ಮೆಹಬೂಬ್ ಸಾಬನ ಕಾಲದಿಂದಲೂ ನಡೆದುಬಂದದ್ದು. ಅದಕ್ಕೂ ಬಿಲ್ಲು ಬೇಕೆಂಬುದು ಶೇಷಪ್ಪನ ತಲೆಗೇ ಹೊಳೆದಿರಲಿಲ್ಲ.

ಮನೆಗೆ ಬಂದವಳೇ ಅಮೀರುನ್ನೀಸಾ ಬಿಲ್ಲನ್ನು ಇಳಿಸಿ ಗೋಡೆಗೆ ಒರಗಿಸಿದಳು.

"ಕಮಾನ್ ಕೈಕು ಉತಾರೀ ಗೇ?" ಬಿಲ್ಲು ಯಾಕೆ ಇಳಿಸಿದೆ ಎಂದು ಹಾಸಿಗೆಯಿಂದಲೇ ಅತ್ತೆ ರೋಶನ್ ಬೀ ಕೇಳಿದಳು.

ಸೋಮವಾರ ಶೇಷಪ್ಪನ ಜಗಲಿಯಲ್ಲಿ ಬೀಗರು ಕೂತು ಕಾಫಿ ಕುಡಿಯುತ್ತಿದ್ದರು. ಅಮೀರುನ್ನೀಸಾ ತಲೆಯ ಮೇಲಿನ ಗಂಟನ್ನು ಅವರ ಮುಂದೆಯೇ ಇಳಿಸಿ ಬಿಚ್ಚಿದಳು. ಎಣ್ಣೆ ಜಿಡ್ಡು, ತಲೆಗೂದಲು, ಮಕ್ಕಳ ಉಚ್ಚೆಯ ಕಲೆಗಳಿದ್ದ ಗಟ್ಟಿಗಟ್ಟಿ ಹತ್ತಿ ಹೊರಳಿ ಬಿತ್ತು. ಬೀಗಿತ್ತಿ ಮೂಗು ಮುಚ್ಚಿಕೊಂಡು ಸೀರೆಯ ನಿರಿಗೆ ಎತ್ತಿಕೊಂಡಳು.

"ಹಲ್ಕಾ ಮುಂಡೆ, ಏನೇ ಇದು? ಪಿಂಜಿಲ್ವಾ?" ಶೇಷಪ್ಪ ಅಬ್ಬರಿಸಿದ.

"ಪಿಂಜಂಗಿಲ್ವಲ್ಲ ಧಣಿ. ನೀವೂ ಒಪ್ಪೀರಿ, ನಾನೂ ಒಪ್ಪೀನಿ. ಯಾರ ಬಲವಂತಾನೂ ಇಲ್ಲ."

ಬೈಗುಳ ಬೀದಿಯ ತಿರುವಿನವರೆಗೂ ಅವಳ ಬೆನ್ನಟ್ಟಿ ಬಂತು. ಅವಳು ತಿರುಗಿ ನೋಡಲಿಲ್ಲ.

ಮನೆಯಲ್ಲಿ ರೋಶನ್ ಬೀ ಗಂಜಿ ಕೇಳಿದಳು. ಮಡಕೆಯೊಳಗೆ ಕೈ ಹಾಕಿದರೆ ಬೆರಳಿಗೆ ತಳವೇ ಸಿಕ್ಕಿತು. ಮೇಲೆ, ವರ್ಷಗಟ್ಟಲೆ ಹತ್ತಿಯ ಧೂಳು ಕೂತು ಬೆಳ್ಳಗಾಗಿದ್ದ ತೊಲೆಯಿಂದ ಬಿಲ್ಲಿನ ಹಗ್ಗ ಇನ್ನೂ ಇಳಿಬಿದ್ದಿತ್ತು. ಅದನ್ನು ಮಾತ್ರ ಅವಳು ಬಿಚ್ಚಿರಲಿಲ್ಲ.