ಚಿಬಾ ಕಡಲಿಗೆ ಹಾಕಿದ ಮಂಡಕ್ಕಿ

ನಾನು ಚಾಮುಂಡೇಶ್ವರಿ. ಊರು ಮೈಸೂರು, ಈಗ ಇರುವುದು ಟೋಕಿಯೋದ ಫುನಾಬೊರಿಯಲ್ಲಿ. ಈ ಕಥೆಯಲ್ಲಿ ತಪ್ಪು ಮಾಡಿದವಳು ನಾನೇ. ಬೇರೆ ಯಾರದೋ ಹೆಸರು ಹಾಕಿ ಹೇಳಿದರೆ ನೀವೂ ನನ್ನಂತೆಯೇ ಕೇಳಿ ಮರೆಯುತ್ತೀರಿ.

ಕಳೆದ ಚಳಿಗಾಲದಲ್ಲಿ ನಮ್ಮ ಏಳು ವರ್ಷದ ಮಗಳು ಅನು ನ್ಯುಮೋನಿಯಾ ಆಗಿ ಹತ್ತು ದಿನ ಆಸ್ಪತ್ರೆಯಲ್ಲಿದ್ದಳು. ಹುಷಾರಾದರೆ ಶೃಂಗೇರಿಯ ಮೀನುಗಳಿಗೆ ಅವಳ ಕೈಯಿಂದಲೇ ಮಂಡಕ್ಕಿ ಹಾಕಿಸುತ್ತೇನೆ ಎಂದು ಹರಕೆ ಹೊತ್ತೆ. ಮಗು ಹುಷಾರಾಯಿತು. ಆದರೆ ನನ್ನ ಯಜಮಾನರು ಲಿಂಗರಾಜು ಅವರಿಗೆ ಈ ವರ್ಷ ರಜೆ ಸಿಗಲಿಲ್ಲ. ಹರಕೆ ತಡವಾದರೆ ಏನಾಗುತ್ತದೋ ಎಂಬ ಭಯ ನನಗೆ.

“ಎಲ್ಲಿದ್ರೂ ಮೀನು ಮೀನೇ ಅಲ್ವಾ? ಚಿಬಾಗೆ ಹೋಗಿ ಸಮುದ್ರಕ್ಕೇ ಹಾಕ್ಬಿಡೋಣ” ಎಂದರು ಅವರು. ನನಗೂ ಸರಿ ಅನ್ನಿಸಿತು.

ಪಕ್ಕದ ಮನೆಯ ಮಾಲತಿಯನ್ನೂ ಕರೆದೆವು. ಅವಳು ಭಾನುವಾರಗಳಲ್ಲಿ ಅಕ್ವೇರಿಯಂ ಒಂದರಲ್ಲಿ ಮಕ್ಕಳಿಗೆ ಮೀನು ತೋರಿಸಿ ವಿವರಿಸುತ್ತಾಳೆ. ಟ್ರೇನಿನಲ್ಲಿ ನನ್ನ ಮಂಡಕ್ಕಿ ಚೀಲ ನೋಡಿ, “ಬೇಡ ಕಣೇ. ಸಣ್ಣ ಮೀನು ಗುಂಪು ಸೇರಿದ ಕಡೆ ಶಾರ್ಕ್ ಕೂಡ ಬರಬಹುದು” ಎಂದಳು.

“ಅಷ್ಟು ತಣ್ಣಗಿರೋ ನೀರಲ್ಲಿ ಶಾರ್ಕಾ? ಸುಮ್ನಿರೇ” ಎಂದೆ. ಎಲ್ಲದಕ್ಕೂ ಒಂದು ಕೊಂಕು ತೆಗೆಯುತ್ತಾಳೆ ಎಂದು ಒಳಗೊಳಗೇ ಸಿಟ್ಟೂ ಬಂತು.

ಮೇ ತಿಂಗಳಾದರೂ ಕಾಲು ಜುಮ್ಮೆನ್ನುವಷ್ಟು ತಣ್ಣನೆಯ ನೀರು. ಮೀನುಗಾರರ ಬಂದರಿನ ಪಕ್ಕದ ಕಲ್ಲುದಡದಲ್ಲಿ ಅನು ಮೊಣಕಾಲುದ್ದದ ನೀರಿಗಿಳಿದು ಮಂಡಕ್ಕಿ ಎರಚಿದಳು. ಸಣ್ಣ ಮೀನುಗಳು ಮುತ್ತಿಕೊಂಡವು. ನಾನು ಕೈ ಮುಗಿದು ಕಣ್ಣು ಮುಚ್ಚಿದೆ.

ಕಣ್ಣು ತೆರೆದಾಗ ಮೀನುಗಳಿಲ್ಲ. ಉದ್ದನೆಯ, ಬೂದು ಬಣ್ಣದ ಏನೋ ಒಂದು ಅವಳ ಸುತ್ತ ತಿರುಗುತ್ತಿತ್ತು. ಅನುಗಿಂತ ಉದ್ದ.

“ಡಾಲ್ಫಿನ್ ಮರಿ ಇರ್ಬೇಕು” ಎಂದರು ಯಜಮಾನರು. ಹೌದೋ ಅಲ್ಲವೋ ತಿಳಿಯದೆ ನಾನು ನಿಂತೇ ಇದ್ದೆ. ಮಗಳನ್ನು ಕರೆಯಲೇ? ಹರಕೆ ಅರ್ಧಕ್ಕೆ ನಿಂತರೆ? ಅಷ್ಟರಲ್ಲಿ ಅನು “ಕವಾಯೀ, ಸೋ ಕ್ಯೂಟ್” ಎನ್ನುತ್ತಾ ಅದರ ಬೆನ್ನು ಸವರಲು ಕೈ ಚಾಚಿದಳು. ಅದು ಸರ್ರನೆ ತಿರುಗಿತು. ಅವಳ ಅಂಗೈ ತುರಿಮಣೆಗೆ ಸಿಕ್ಕಂತೆ ತರಚಿ ರಕ್ತ ಬಂತು.

“ಅನು, ಓಡ್ಬೇಡ. ನೀರು ಬಡೀಬೇಡ” ಎಂದಳು ಮಾಲತಿ, ದನಿ ಏರಿಸದೆ. “ಅದನ್ನ ನೋಡ್ತಾನೇ ಮೆಲ್ಲಗೆ ಹಿಂದೆ ಬಾ ಪುಟ್ಟ.”

ಅನು ಹಾಗೇ ದಡಕ್ಕೆ ಬಂದಳು.

“ಅದು ಕಚ್ಚಿತಾ?” ಎಂದೆ.

“ಇಲ್ಲ. ಶಾರ್ಕ್ ಚರ್ಮ ಉಪ್ಪುಕಾಗದದ ಹಾಗೆ, ತಾಗಿದ್ರೆ ತರಚುತ್ತೆ” ಎಂದಳು, ಗಾಯ ತೊಳೆಯುತ್ತಾ. “ಇದು ಸಾಧು ಜಾತಿ ಅನ್ಸುತ್ತೆ. ತಣ್ಣೀರೇ ಅದರ ಮನೆ. ಆದ್ರೆ ಹೆದರಿದ್ರೆ ಸಾಧುನೂ ಕಚ್ಚುತ್ತೆ. ದೊಡ್ಡ ಜಾತಿ ಬಂದಿದ್ರೆ ನೀನೂ ನಾನೂ ಗುರುತು ಹಿಡೀತಿದ್ವಾ?”

“ಹಾಗಾದ್ರೆ ಅದು ಒಳ್ಳೇದಾ, ಕೆಟ್ಟದ್ದಾ?” ನನ್ನ ತಲೆ ಇನ್ನೂ ಗೊಂದಲದ ಗೂಡಾಗಿತ್ತು.

“ಎರಡೂ ಅಲ್ಲ. ಊಟಕ್ಕೆ ಕರೆದೋಳು ನೀನು. ಅದು ಬಂತು.”

ಯಜಮಾನರು ಮಂಡಕ್ಕಿ ಚೀಲದ ಬಾಯಿ ಕಟ್ಟಿದರು. ಆಮೇಲೆ ಬಂದರಿನವರ ಬಳಿ ಹೋಗಿ, ಸುಮಿಮಾಸೆನ್, ಕ್ಷಮಿಸಿ ಎಂದು ತಲೆ ಬಾಗಿಸಿ, ಶಾರ್ಕ್ ಬಂದಿದ್ದನ್ನು ತಿಳಿಸಿದರು.

ಹರಕೆ ಬಾಕಿ ಇದೆ. ಮುಂದಿನ ವರ್ಷ ಶೃಂಗೇರಿಗೇ ಹೋಗುತ್ತೇವೆ. ಅಲ್ಲಿಯ ಅಮ್ಮನವರು ಅಷ್ಟು ದಿನ ಕಾಯದಿರುವರೇ?

ಅಕ್ಕ ತಂಗಿಯರೇ, ಅಣ್ಣ ತಮ್ಮಂದಿರೇ, ಈ ಕಡಲಿಗೆ ಪುಣ್ಯದ ಹೆಸರಿನಲ್ಲೂ ತಿಂಡಿ ಹಾಕಬೇಡಿ. ಶಾರ್ಕ್ ಕಂಡರೆ ಮುಟ್ಟಬೇಡಿ, ಗಲಾಟೆ ಮಾಡದೆ ದಡ ಸೇರಿ, ಅಲ್ಲಿಯವರಿಗೆ ತಿಳಿಸಿ. ನಾನು ಕಣ್ಣು ಮುಚ್ಚಿ ಕೈ ಮುಗಿದಿದ್ದು ಯಾವ ಮಗುವಿಗಾಗಿಯೋ, ಅದೇ ಮಗುವನ್ನು ಆ ಹೊತ್ತಿನಲ್ಲಿ ನೋಡಲಿಲ್ಲ. ನೀರಿನ ಹತ್ತಿರ ನೀವು ಕಣ್ಣು ತೆರೆದೇ ಇರಿ.