ಮೂರನೆಯ ಸಾಲಿನ ಪೀಪಾಯಿಗಳು

ಚಳಿಗಾಲ ಮುಗಿಯುತ್ತ ಬಂದಿತ್ತು. ಬೆಳಗಿನ ಏಳು ಗಂಟೆ. ಒಂದು ವಾರ ಕಾಡಿದ ಜ್ವರದಿಂದ ಎದ್ದ ಮೂಗಣ್ಣ ಮುಖ ತೊಳೆದುಕೊಂಡ. ಸೋಪು ಕೈಯಲ್ಲಿ ನೊರೆಯಾಯಿತು, ಕಣ್ಣಿಗೆ ಹೋಗಿ ಉರಿಯಿತು, ಆದರೆ ವಾಸನೆ ಬರಲಿಲ್ಲ. ಸೋಪು ಹಳೆಯದಿರಬೇಕು ಎಂದುಕೊಂಡ. ಬೀಗದ ಕೈ ಗೊಂಚಲು ಸೊಂಟಕ್ಕೆ ಸಿಕ್ಕಿಸಿಕೊಂಡು ನೆಲಮಾಳಿಗೆಯ ಮೆಟ್ಟಿಲು ಇಳಿದ. ಒಟ್ಟು ಹತ್ತೊಂಬತ್ತು ಮೆಟ್ಟಿಲು. ಐದನೆಯದಕ್ಕೆ ಕಾಲಿಡುತ್ತಲೇ ಒದ್ದೆ ಕಲ್ಲು, ಮರ, ವೈನ್ ಮೂರೂ ಸೇರಿದ ವಾಸನೆ ಎದುರಿಗೆ ಬಂದು ಮಾತಾಡಿಸಬೇಕು. ಮೂವತ್ತೆಂಟು ವರ್ಷ ಮಾತಾಡಿಸಿದೆ. ಅಂದು ಹತ್ತೊಂಬತ್ತೂ ಇಳಿದು ನಿಂತರೂ ಏನೂ ಬರಲಿಲ್ಲ. ಪೀಪಾಯಿಗಳು ಇದ್ದ ಜಾಗದಲ್ಲೇ ಇದ್ದವು. ಆದರೆ ಮನೆಮಂದಿಯೆಲ್ಲ ಹೇಳದೆ ಕೇಳದೆ ಎದ್ದು ಹೋದ ಹಾಗಿತ್ತು.

ಅವನಿಗೆ ಮೂಗಣ್ಣ ಎಂದು ಹೆಸರಿಟ್ಟಿದ್ದು ಹಳೆಯ ಯಜಮಾನರು. ಮೂಗು ಉದ್ದವಿತ್ತೆಂದಲ್ಲ, ಸಾಮಾನ್ಯ ಮೂಗೇ. ಆದರೆ ಯಾವ ಪೀಪಾಯಿಯಲ್ಲಿ ಯಾವ ವರ್ಷದ ವೈನ್ ಇದೆ, ಅದು ಹೇಗೆ ಬೆಳೆಯುತ್ತಿದೆ ಎಂಬುದನ್ನೆಲ್ಲ ಅವನು ಮೂಸಿಯೇ ಹೇಳುತ್ತಿದ್ದ. ದೊಡ್ಡ ದೊಡ್ಡವರು ಲೋಟ ತಿರುಗಿಸಿ ಹೂವು, ಹಣ್ಣು ಎಂದು ವರ್ಣಿಸುವಾಗ ಇವನು ಬಾಗಿಲಲ್ಲಿ ನಿಂತು, "ಹೊಸ ಚಪ್ಪಲಿ ಅಂಗಡಿ ಇದ್ದ ಹಾಗಿದೆ" ಎನ್ನುತ್ತಿದ್ದ. ಅವರು ನಗುತ್ತಿದ್ದರು. ಆಮೇಲೆ ಇನ್ನೊಮ್ಮೆ ಮೂಸಿ, ನಗು ನಿಲ್ಲಿಸುತ್ತಿದ್ದರು. ಹೆಂಡತಿ ಬದುಕಿದ್ದಾಗ, "ಹೋದ ಜನ್ಮದಲ್ಲಿ ನಾಯಿಯಾಗಿದ್ರಿ, ಬಾಲ ಮಾತ್ರ ಅಲ್ಲೇ ಬಿಟ್ಟು ಬಂದಿದ್ದೀರಿ" ಎಂದು ರೇಗಿಸುತ್ತಿದ್ದಳು. ಅವಳು ಹೋಗಿ ಆರು ವರ್ಷ. ಮಕ್ಕಳಿಲ್ಲ. ನೆಲಮಾಳಿಗೆಯ ಮೇಲಿನ ಒಂದೇ ಕೋಣೆಯಲ್ಲಿ ಮೂಗಣ್ಣನ ವಾಸ. ಮೂಗು ಹೋಯಿತೆಂದರೆ ಕೆಲಸ ಹೋಗುತ್ತದೆ. ಕೆಲಸದ ಜೊತೆಗೆ ಕೋಣೆಯೂ ಹೋಗುತ್ತದೆ.

ಅದಕ್ಕಿಂತ ದೊಡ್ಡ ಭಯ ಇನ್ನೊಂದಿತ್ತು. ಅವನನ್ನು ಭಾವ ಎಂದು ಕರೆಯುವ ಒಂದೇ ಒಂದು ಬಾಯಿ ಲೋಕದಲ್ಲಿ ಉಳಿದಿತ್ತು. ಹೆಂಡತಿಯ ತಮ್ಮ. ಬೀದಿಯ ಕೊನೆಯಲ್ಲಿ ಪೀಪಾಯಿ ಕಟ್ಟುವ ಕೆಲಸ ಅವನದು. ಮರದ ಹಲಗೆಗಳಿಗೆ ಕಬ್ಬಿಣದ ಬಳೆ ತೊಡಿಸುತ್ತಾನೆಂದು ಬೀದಿಯವರು ಅವನನ್ನು ಬಳೆಗಾರ ಎನ್ನುತ್ತಿದ್ದರು. ಅಕ್ಕ ತೀರಿಕೊಂಡ ಮೇಲೂ ಬಳೆಗಾರ ಪ್ರತಿ ಶುಕ್ರವಾರ ಬಂದು ಪೀಪಾಯಿಗಳ ಬಳೆ ಬಡಿದು ನೋಡುತ್ತಿದ್ದ, ಬಡಿದದ್ದಕ್ಕಿಂತ ಹೆಚ್ಚು ಹೊತ್ತು ಕೂತು ಹರಟುತ್ತಿದ್ದ. ವಾರದಲ್ಲಿ ಮೂಗಣ್ಣ ಬಾಯಿ ಬಿಟ್ಟು ಮಾತಾಡುತ್ತಿದ್ದುದು ಆ ಒಂದು ಗಂಟೆ. ನೆಲಮಾಳಿಗೆ ಕೈಬಿಟ್ಟರೆ ಆ ಶುಕ್ರವಾರವೂ ಕೈಬಿಟ್ಟ ಹಾಗೆಯೇ.

ಪೀಪಾಯಿಯೊಳಗಿನ ವೈನ್ ಮರದ ಸಂದಿನಿಂದ ದಿನಕ್ಕಿಷ್ಟು ಆರಿಹೋಗುತ್ತದೆ. ಖಾಲಿಯಾದ ಜಾಗಕ್ಕೆ ಗಾಳಿ ಸೇರಿದರೆ ವೈನ್ ಹುಳಿಗೆ ತಿರುಗುತ್ತದೆ. ಆದ್ದರಿಂದ ವಾರ ವಾರ ಬಿರಡೆ ತೆಗೆದು, ಕಂಠದವರೆಗೆ ತುಂಬಬೇಕು. ತುಂಬಲು ಅದೇ ವೈನ್ ತೆಗೆದಿಟ್ಟ ಗಾಜಿನ ಜಾಡಿ, ಸಾಲಿಗೊಂದು. ಮೊದಲ ಸಾಲಿನ ಜಾಡಿ ಮೊದಲ ಸಾಲಿಗೇ, ಎರಡನೆಯದು ಎರಡಕ್ಕೇ. ತುಂಬುವ ಮುಂಚೆ ಜಾಡಿಯನ್ನು ಮೂಸಿ ನೋಡಬೇಕು, ಬಾಯಿಗೆ ಹಾಕಬಾರದು. ಕೆಲಸದ ಹೊತ್ತಿನಲ್ಲಿ ಒಂದು ಹನಿಯೂ ನಾಲಿಗೆಗೆ ಬೀಳಕೂಡದೆಂಬುದು ಹಳೆಯ ಯಜಮಾನರು ಹಾಕಿದ ಕಟ್ಟಳೆ. ಅವರು ಹೋದರೂ ಮೂಗಣ್ಣ ಅದನ್ನು ಮೀರಿದವನಲ್ಲ. ಈಗ ಮೂಗೇ ಇಲ್ಲ.

ಒಂದು ಉಪಾಯ ಹೂಡಿದ. ತುಂಬುವ ಕೆಲಸವನ್ನು ಸೋಮವಾರದಿಂದ ತೆಗೆದು ಶುಕ್ರವಾರಕ್ಕೆ ಹಾಕಿಕೊಂಡ. ಬಳೆಗಾರ ಬಂದೊಡನೆ ಜಾಡಿಯ ಬಿರಡೆ ತೆಗೆದು ಅವನ ಮೂಗಿನ ಹತ್ತಿರ ಹಿಡಿದ.

"ಹೇಗಿದೆ ಹೇಳು ನೋಡೋಣ."

"ನನ್ನ ಕೇಳ್ತೀರಾ ಭಾವ? ನನಗೆ ಮರದ ಹೊಟ್ಟು ಬಿಟ್ರೆ ಬೇರೆ ಏನ್ ಗೊತ್ತು?"

"ಹೇಳಯ್ಯ. ಇಷ್ಟು ವರ್ಷ ಇದರ ಸುತ್ತ ತಿರುಗಿದ್ದೀಯ."

ಬಳೆಗಾರ ಕಣ್ಣು ಮುಚ್ಚಿ ಮೂಸಿದ. "ಚೆನ್ನಾಗಿದೆ. ಮಳೆ ಬಂದು ನಿಂತ ಮೇಲೆ ಕಿಟಕಿ ತೆಗೆದ ಹಾಗಿದೆ."

"ಸರಿಯಾಗಿ ಹೇಳಿದೆ" ಎಂದ ಮೂಗಣ್ಣ.

ಬಳೆಗಾರನ ಮುಖ ಅರಳಿತು. ಮುಂದಿನ ವಾರದಿಂದ ಅವನು ತಲೆ ಬಾಚಿಕೊಂಡು ಬರತೊಡಗಿದ. ಬರುವ ಮುಂಚೆ ಬೀಡಿ ಸೇದುವುದನ್ನು ಬಿಟ್ಟ. "ಮನೇಲಿ ಹೇಳಿದೆ ಭಾವ, ಈಗ ಭಾವ ನನ್ನ ಕೇಳಿಯೇ ವೈನ್ ತುಂಬೋದು ಅಂತ. ಅವಳು ನಕ್ಕು ನಕ್ಕು ಸಾಕಾದ್ಲು. ನಗಲಿ ಬಿಡಿ." ಮೂಗಣ್ಣ ತಲೆ ತಗ್ಗಿಸಿ ವೈನ್ ಸುರಿಯುತ್ತಿದ್ದ. ಅವನ ಮೂಗಿಗೆ ಬೆಲೆ ಕೊಟ್ಟು ಕೇಳಿದ್ದಲ್ಲ, ತಾನು ದಿಕ್ಕಿಲ್ಲದೆ ಕೇಳಿದ್ದು. ಹೇಳಬೇಕೆಂದು ಎರಡು ಮೂರು ಸಲ ಬಾಯಿ ತೆರೆದ. ಆ ಅರಳಿದ ಮುಖ ನೋಡಿ ಬಾಯಿ ಮುಚ್ಚಿಕೊಂಡ.

ಬೇಸಿಗೆಯಲ್ಲಿ ಬಳೆಗಾರ ಮೂರನೆಯ ಸಾಲಿನ ಆರು ಪೀಪಾಯಿಗಳ ಸೀಳುಬಿಟ್ಟ ಹಲಗೆ ತೆಗೆದು ಹೊಸದು ಕೂರಿಸಿದ. ಅದಾದ ಮೇಲೆ ಮಗಳ ಹೆರಿಗೆಗೆಂದು ಗಂಡ ಹೆಂಡತಿ ದೂರದ ಊರಿಗೆ ಹೋದರು. ನಾಲ್ಕು ಶುಕ್ರವಾರ ಬರಲಿಲ್ಲ. ಮೊದಲ ಎರಡನ್ನು ಮೂಗಣ್ಣ ಏನೋ ನೆಪ ಹೇಳಿಕೊಂಡು ದಾಟಿಸಿದ. ಮೂರನೆಯ ವಾರ ಪೀಪಾಯಿಯ ಹೊಟ್ಟೆಗೆ ಬೆರಳಿನಿಂದ ಬಡಿದರೆ ಮೇಲ್ಭಾಗ ಟೊಳ್ಳು ಸದ್ದು ಕೊಟ್ಟಿತು. ಇನ್ನು ತಡೆಯುವಂತಿಲ್ಲ. ಒಬ್ಬನೇ ಜಾಡಿ ಎತ್ತಿಕೊಂಡ. ಮೂರನೆಯ ಸಾಲಿನ ಜಾಡಿ ಅರ್ಧ ಮಾತ್ರ ಇತ್ತು. ಅರ್ಧಕ್ಕಿಳಿದ ಜಾಡಿಯನ್ನು ಕೂಡಲೇ ಸಣ್ಣ ಜಾಡಿಗೆ ಬಗ್ಗಿಸಿಡಬೇಕು, ಇಲ್ಲದಿದ್ದರೆ ಗಾಳಿ ತಿನ್ನುತ್ತದೆ. ಮೊದಲಾದರೆ ಮೂಗೇ ಅದನ್ನು ನೆನಪಿಸುತ್ತಿತ್ತು, ಈ ಸಲ ಮರೆತಿದ್ದ. ಅಭ್ಯಾಸಬಲದಿಂದ ಜಾಡಿಯ ಬಾಯಿಗೆ ಮೂಗು ಒಡ್ಡಿದ, ಅಭ್ಯಾಸಬಲದಿಂದಲೇ ತಲೆಯಾಡಿಸಿದ, ಆರೂ ಪೀಪಾಯಿಗೆ ಸುರಿದ.

ಹಳೆಯ ಯಜಮಾನರ ಮಗಳೇ ಈಗ ಒಡತಿ. ವಯಸ್ಸು ಐವತ್ತಾದರೂ ಮೂಗಣ್ಣನ ಬಾಯಲ್ಲಿ ಅವರು ಇನ್ನೂ ಚಿಕ್ಕ ಅಮ್ಮಾವ್ರೇ. ಬಳೆಗಾರ ವಾಪಸು ಬಂದ ಮರುದಿನವೇ, ಸೋಮವಾರ, ಅವರು ಕೆಳಗಿಳಿದು ಬಂದು ಒಂದೊಂದೇ ಪೀಪಾಯಿಯಿಂದ ಲೋಟಕ್ಕೆ ಬಗ್ಗಿಸಿಕೊಂಡು ನೋಡಿದರು. ಮೂರನೆಯ ಸಾಲಿಗೆ ಬಂದಾಗ ಲೋಟ ಕೆಳಗಿಟ್ಟರು.

"ಮೂಗಣ್ಣ, ಇದು ಹುಳಿ ಹೊಡೀತಿದೆಯಲ್ಲ! ಮುಂದಿನದೂ ಹಾಗೇ. ಆರೂ ಹಾಗೇ! ಈ ಸಾಲು ಮಾತ್ರ ಯಾಕೆ?" ಎನ್ನುತ್ತ ಹೊಸ ಹಲಗೆಗಳ ಮೇಲೆ ಕೈಯಾಡಿಸಿದರು. "ಇವಲ್ಲವಾ ನಿಮ್ಮ ಬಾಮೈದ ರಿಪೇರಿ ಮಾಡಿದ್ದು? ಮರ ಕೆಟ್ಟದ್ದು ಹಾಕಿದ್ದಾನೆ."

ಅವರು ಮೇಲೆ ಹೋದ ಮೇಲೆ ಮೂಗಣ್ಣ ಆ ಸಾಲಿನ ಜಾಡಿಯ ತಳದಲ್ಲಿ ಉಳಿದದ್ದನ್ನು ಬೆರಳಿಗೆ ತಾಕಿಸಿ, ಮೂವತ್ತೆಂಟು ವರ್ಷದಲ್ಲಿ ಮೊದಲ ಬಾರಿಗೆ ಕೆಲಸದ ಹೊತ್ತಿನಲ್ಲಿ ನೆಕ್ಕಿದ. ವಾಸನೆ ಇಲ್ಲದಿದ್ದರೂ ನಾಲಿಗೆ ಸುಳ್ಳಾಡಲಿಲ್ಲ, ಹುಳಿ ಗಂಟಲು ಸುಟ್ಟಿತು. ಜಾಡಿಯನ್ನು ಮೋರಿಗೆ ಬಗ್ಗಿಸಿ, ಬಿಸಿನೀರಲ್ಲಿ ತೊಳೆದು, ಬೋರಲು ಹಾಕಿದ. ಒಬ್ಬರಿಗೂ ಹೇಳಲಿಲ್ಲ.

ಒಡತಿಯ ಮಾತು ಕಿವಿಗೆ ಬಿದ್ದಾಗ ಬಳೆಗಾರ ಮೊದಲು ನಂಬಲಿಲ್ಲ, ಆಮೇಲೆ ಸಿಟ್ಟಾದ. ಒಂದು ಪೀಪಾಯಿ ಖಾಲಿ ಮಾಡಿಸಿ ತನ್ನ ಅಂಗಡಿಗೆ ಉರುಳಿಸಿಕೊಂಡು ಹೋದ. ಬಳೆಗಳನ್ನು ಕಳಚಿ, ಹಲಗೆಗಳನ್ನು ಬಿಡಿಬಿಡಿಯಾಗಿ ಗೋಡೆಗೆ ಒರಗಿಸಿದ. ಮರುದಿನ ಇನ್ನೊಂದು, ಅದರ ಮರುದಿನ ಮತ್ತೊಂದು. ಎಂಟು ದಿನ ಒಂದೊಂದು ಹಲಗೆಯನ್ನೂ ಹೆರೆದು, ಒಣಗಿಸಿ, ಮೂಸಿ ನೋಡಿದ. ಎಂಟನೆಯ ದಿನ ಮೂಗಣ್ಣನನ್ನು ಕರೆಸಿದ. ಅಂಗಡಿಯ ತುಂಬ ಹಲಗೆಗಳು ನಿಂತಿದ್ದವು. ಬಳೆಗಾರ ಗಡ್ಡ ಬಿಟ್ಟಿದ್ದ.

"ಭಾವ, ನನಗೆ ತಲೆ ಕೆಟ್ಟುಹೋಗಿದೆ. ಈ ಮರದಲ್ಲಿ ತಪ್ಪು ಸಿಗ್ತಾ ಇಲ್ಲ. ನನ್ನ ಮೂಗು ನಂಬೋ ಹಾಗಿಲ್ಲ, ಮಾಡಿದವನ ಮೂಗು. ನೀವು ಮೂಸಿ ಹೇಳಿ. ನೀವು ಹೇಳಿದ್ದೇ ಸರಿ."

ಮೂಗಣ್ಣ ಹಲಗೆ ಎತ್ತಿ ಮೂಗಿಗೆ ಹಿಡಿದ. ಏನೂ ಇಲ್ಲ. ಮರದಲ್ಲಿ ತಪ್ಪಿಲ್ಲವೆಂದರೆ, ಹಾಗಾದರೆ ಹುಳಿ ಬಂದದ್ದೆಲ್ಲಿಂದ ಎಂದು ಕೇಳುತ್ತಾನೆ. ಅಲ್ಲಿಂದ ಜಾಡಿಗೆ ಬರುತ್ತಾನೆ.

"ಸ್ವಲ್ಪ ಹುಳಿ... ಇದೆ ಅನ್ಸುತ್ತೆ" ಎಂದ.

ಬಳೆಗಾರ ಹಲಗೆ ಇಸಿದುಕೊಂಡು ತನ್ನ ಮೂಗಿಗೆ ಹಿಡಿದ, ಮತ್ತೊಮ್ಮೆ ಹಿಡಿದ. "ಹಾಗಾದ್ರೆ ನನಗೆ ಗೊತ್ತೇ ಆಗ್ತಿಲ್ಲ. ಇನ್ನು ಈ ಕೆಲಸ ಮಾಡಬಾರದು ನಾನು" ಎಂದು ಗೋಡೆಯ ಕಡೆ ತಿರುಗಿದ.

ಮೂಗಣ್ಣ ಕೋಣೆಗೆ ಬಂದು ಹಾಸಿಗೆಯ ಅಂಚಿಗೆ ಕೂತ. ಊಟ ಸೇರಲಿಲ್ಲ. ಅವನಿಗೆ ಊಟ ಸೇರುವುದು ನಿಂತು ತಿಂಗಳುಗಳೇ ಆಗಿದ್ದವು, ಆದರೆ ಇದು ಬೇರೆ. ಮರುದಿನ ಬೆಳಿಗ್ಗೆ ನೇರ ಮೇಲೆ, ಒಡತಿಯ ಮನೆಗೆ ಹೋದ. ಬಳೆಗಾರ ಅದಾಗಲೇ ಅಲ್ಲಿದ್ದ. ಇನ್ನು ಪೀಪಾಯಿಗೆ ಬೇರೆಯವರನ್ನು ನೋಡಿಕೊಳ್ಳಿ ಎಂದು ಒಡತಿಗೆ ಹೇಳಲು ಬಂದಿದ್ದ.

"ಚಿಕ್ಕ ಅಮ್ಮಾವ್ರೆ, ಅವನದ್ದೇನೂ ತಪ್ಪಿಲ್ಲ" ಎಂದ ಮೂಗಣ್ಣ ಬಾಗಿಲಲ್ಲೇ ನಿಂತು. "ಜಾಡಿ ಹುಳಿಯಾಗಿತ್ತು. ನಾನೇ ಸುರಿದೆ. ಚಳಿಗಾಲದ ಜ್ವರದಿಂದ ನನಗೆ ವಾಸನೆ ಬರ್ತಾ ಇಲ್ಲ."

ಒಡತಿ ಕುರ್ಚಿಯಿಂದ ಎದ್ದರು. "ಮೊದಲೇ ಒಂದು ಮಾತು ಹೇಳಬಾರದಿತ್ತಾ? ನಾನೇನು ನಿಮ್ಮನ್ನ ಬೀದಿಗೆ ಹಾಕ್ತಿದ್ನಾ? ಮೂಸೋದಕ್ಕೆ ಬೇರೆಯವರು ಬರ್ತಾರೆ. ತೊಳೆಯೋದು, ತುಂಬೋದು, ಬೀಗ, ಕೋಣೆ ಎಲ್ಲ ನಿಮ್ಮದೇ ಇರಲಿ." ಆಮೇಲೆ ಬಳೆಗಾರನ ಕಡೆ ತಿರುಗಿ ಕೈಮುಗಿದರು. "ನಾನು ಅಂದದ್ದು ತಪ್ಪಾಯ್ತು. ನೀವು ಇರಿ."

ಬಳೆಗಾರ ಅವರನ್ನು ನೋಡಲಿಲ್ಲ. ಮೂಗಣ್ಣನನ್ನು ನೋಡುತ್ತಿದ್ದ.

"ಅಂದ್ರೆ ಶುಕ್ರವಾರ ಶುಕ್ರವಾರ ನನ್ನ ಕೇಳ್ತಿದ್ದದ್ದು ಇದಕ್ಕಾ?"

"ಹೌದು."

"ಅದು ಹೋಗಲಿ. ನನ್ನ ಮೂಗು ಎರವಲು ಕೇಳಿದ್ರೆ ಸುಮ್ಮನೇ ಕೊಡ್ತಿದ್ದೆ. ನಿನ್ನೆ ಹಲಗೆ ಹಿಡಿದು ಹುಳಿ ಇದೆ ಅಂದ್ರಲ್ಲ. ಅದು ಯಾಕೆ?"

ಹೆದರಿದೆ ಎನ್ನಬೇಕಿತ್ತು ಮೂಗಣ್ಣ. ಸೊಂಟದ ಬೀಗದ ಕೈ ಗೊಂಚಲನ್ನು ಸರಿಪಡಿಸಿಕೊಂಡ.

"ನಲವತ್ತು ವರ್ಷದ ಕೈ ನನ್ನದು" ಎಂದ ಬಳೆಗಾರ. "ನೀವು ಹೇಳಿದ್ರಿ ಅಂತ ಅದನ್ನೇ ಅನುಮಾನ ಪಟ್ಟೆ." ಭಾವ ಎನ್ನಲಿಲ್ಲ. ಮೆಟ್ಟಿಲಿಳಿದು ಹೋದ.

ಮೂಗಣ್ಣ ಎರಡು ಸಲ ಅಂಗಡಿಯ ತನಕ ಹೋದ. ಮೊದಲ ಸಲ ಬಾಗಿಲು ಮುಚ್ಚಿತ್ತು, ಒಳಗೆ ಸುತ್ತಿಗೆಯ ಸದ್ದಿತ್ತು. ಬಿಚ್ಚಿದ ಮೂರು ಪೀಪಾಯಿಗಳನ್ನೂ ಬಳೆಗಾರ ಮತ್ತೆ ಕಟ್ಟಿ, ಮಿಂಚುವ ಹಾಗೆ ಉಜ್ಜಿ, ಆಳಿನ ಕೈಯಲ್ಲಿ ಕಳಿಸಿಕೊಟ್ಟ. ಎರಡನೆಯ ಸಲ ಹೋದಾಗ ಅವನ ಹೆಂಡತಿ ಹೊರಗೆ ಬಂದಳು. "ಮಗಳ ಊರಿಗೇ ಹೋಗಿ ಇರೋಣ ಅಂತಿದ್ದಾರೆ ಅಣ್ಣ. ಮೊಮ್ಮಗು ನೋಡ್ಕೊಂಡು ಇರ್ತೀವಿ. ನೀವು ಊಟ ಸರಿಯಾಗಿ ಮಾಡಿ" ಎಂದಳು. ಒಳಗೆ ಬಂದು ಕೂರಿ ಎನ್ನಲಿಲ್ಲ.

ಹೊಸದಾಗಿ ಬಂದ ವೈನ್ ನೋಡುವವರು ಒಳ್ಳೆಯವರು, ಮಿತಭಾಷಿ. ಬೆಳಿಗ್ಗೆ ಬಂದು ಜಾಡಿಗಳನ್ನು ಮೂಸಿ ಸರಿ ಎಂದು ಹೋಗುತ್ತಾರೆ, ಮೂಗಣ್ಣ ತುಂಬುತ್ತಾನೆ. ಬಳೆ ಸಡಿಲವಾದರೆ ಬೇರೆ ಬೀದಿಯಿಂದ ಒಬ್ಬರು ಬಂದು ಬಡಿದು ಹೋಗುತ್ತಾರೆ. ಅವರು ಅವನನ್ನು ಯಜಮಾನ್ರೇ ಎನ್ನುತ್ತಾರೆ.

ಬಳೆಗಾರ ಅಂಗಡಿಗೆ ಬೀಗ ಹಾಕಿ, ಹೆಂಡತಿಯನ್ನು ಕರೆದುಕೊಂಡು ಹೋದದ್ದು ಗುರುವಾರ, ಮಧ್ಯಾಹ್ನದ ಬಸ್ಸಿಗೆ. ಶುಕ್ರವಾರದ ತನಕ ನಿಲ್ಲಲಿಲ್ಲ.