ಗುತ್ತೆಪ್ಪ ಕಾಣುತ್ತಿದ್ದ ಚರಣ

“ಹೊಸ್ತಿಲು ತುಳೀಬ್ಯಾಡ, ಬೋಸುಡಿ! ಅಲ್ಲೇ ನಿಂತು ಬೊಗಳು. ಬಾತಿ ಊರಿನ ಮದ್ವ್ಯಾಗ ಯಾರನ್ನ ಕೇಳಿ ನನ್ ಹಾಡು ಹಾಡ್ದೆ? ಪೊಲೀಸ್ರಿಗೆ ಹಿಡ್ಕೊಡ್ತೀನಿ ನೋಡು!”

ಹರಿಹರದ ಕೇಬಲ್ ಆಫೀಸಿನ ಮಾಲೀಕ ಬಕ್ಕೇಶ್ ವಿಡಿಯೋ ಕ್ಯಾಸೆಟ್ಟನ್ನು ಕೆಂಚವ್ವನ ಮುಖಕ್ಕೆ ಹಿಡಿದ. ಮೇಲೆ ಅವನದೇ ಫೋಟೋ, ಕೆಳಗೆ ‘ಎಲ್ಲ ಹಕ್ಕುಗಳೂ ನಮ್ಮವು’ ಎಂಬ ಸಾಲು.

“ನಾಟಿ ಹಚ್ಚುವಾಗ ನಮ್ಮವ್ವ ಹೇಳಿಕೊಟ್ಟದ್ರಿ ಅದು. ಆಕಿ ಸುಡುಗಾಡ್ನಾಗ ಮಲಗ್ಯಾಳೆ, ಪೊಲೀಸ್ರನ್ನ ಅಲ್ಲಿಗೂ ಕಳಸ್ರಿ.”

“ಬಾಯಿ ನೋಡು ಇದರದ್ದು!”

ಒಳಗೆ ವಿಸಿಆರ್ ಮುಂದೆ ಕೂತಿದ್ದ ಮಾಲತೇಶ ತಲೆ ಎತ್ತಲಿಲ್ಲ. ಕೆಂಚವ್ವ ಅವನ ಸೋದರತ್ತೆ. ಆ ಸಾಲನ್ನು ಬರೆಸಿ ತಂದವನೂ ಅವನೇ.

“ಹಾಡು ನೀವೇ ಇಟ್ಕಳ್ರಿ,” ಕೆಂಚವ್ವನ ದನಿ ಇಳಿಯಿತು. “ನೀವು ನನ್ ಹಾಡು ಹಿಡಿದ ಆ ಕ್ಯಾಸೆಟ್ನಾಗ ನಮ್ಮನೆಯಾತ ಹಲಗೆ ಬಾರಿಸ್ತಾನಲ್ರಿ, ಅದೊಂದೀಟು ತೋರಿಸ್ರಿ. ಸತ್ತವನ ಫೋಟ ಸುದ್ದ ಇಲ್ಲ ಮನ್ಯಾಗ.”

“ಇದೇನು ನಿಮ್ಮಪ್ಪನ ಟಾಕೀಸೇನೇ?” ಬಕ್ಕೇಶ್ ಬೈಕು ಒದ್ದು ದಾವಣಗೆರೆ ಕಡೆ ಹೊರಟ.

“ಮಾಲತೇಶಾ, ನೀನಾರ ತೋರ್ಸೋ. ನಿಮ್ಮ ಮಾವ ಕ್ಯಾಸೆಟ್ ಒಳಗದಾನಲ್ಲ?”

“ಅದಾನೆ ಅತ್ತೆ,” ಎಂದ, ಪ್ರತಿ ಸಲದಂತೆ.

ಇರಲಿಲ್ಲ. ‘ಅಕ್ಕಿ ಸಾವ್ಕಾರಗೆ, ಧೂಳು ನನ ಗಂಡನ ಎದಿಗೆ’ ಎಂದು ಕೆಂಚವ್ವ ತಾನೇ ಕಟ್ಟಿ ಸೇರಿಸಿದ ಚರಣದಲ್ಲಷ್ಟೇ ಕ್ಯಾಮೆರಾ ಮಾವ ಗುತ್ತೆಪ್ಪನ ಕಡೆ ತಿರುಗಿತ್ತು. ಕೇಬಲ್ಲಿಗೆ ಜಾಹೀರಾತು ಕೊಡುವ, ಗುತ್ತೆಪ್ಪ ದುಡಿದಿದ್ದ ಅಕ್ಕಿ ಮಿಲ್ಲಿನ ಮಾಲೀಕ ಕೆಂಚವೀರಪ್ಪನಿಗೆ ಅದು ಚುಚ್ಚಿತು. ‘ತೆಗೀಲೇ’ ಎಂದಿದ್ದ ಬಕ್ಕೇಶ್. ಬೇರೆ ಕ್ಯಾಸೆಟ್ಟಿಗೆ ಇಳಿಸಿ ಅದರಲ್ಲಿ ಕತ್ತರಿಸಬಹುದಿತ್ತು. ಮಾಲತೇಶನಿಗೆ ಸೋಮಾರಿತನ. ಮೂಲದ ಮೇಲೆಯೇ ಮಿಲ್ಲಿನ ಜಾಹೀರಾತು ಹೊಡೆದುಬಿಟ್ಟ. ಈಗ ಅಲ್ಲಿ ಮಾವನಿಲ್ಲ. ಅಕ್ಕಿಮೂಟೆ ಸಾಲಿನ ಮುಂದೆ ಕೆಂಚವೀರಪ್ಪ ಕೈಮುಗಿದು ನಿಂತಿದ್ದಾನೆ.

ಮಾಲತೇಶ ಎದ್ದು ಬಾಗಿಲಿಗೆ ಬಂದ. “ಒಳಗ ಬಾ ಅತ್ತೆ.”

“ನಿಮ್ಮ ಮಿಷನ್ನಿಗೆ ಮೈಲಿಗೆ ಆಗಲ್ವೇನೋ?” ನಗುತ್ತಲೇ ಹೊಸ್ತಿಲು ದಾಟಿ ಬೆಂಚಿನ ಮೇಲೆ ಕೂತಳು.

ಊರಿಗೆಲ್ಲ ಹೋಗುತ್ತಿದ್ದ ಸಿನಿಮಾ ನಿಲ್ಲಿಸಿದ. ವಿಸಿಆರಿನ ವೈರು ಕಿತ್ತು ಮದುವೆ ಕ್ಯಾಮೆರಾಕ್ಕೆ ಸಿಕ್ಕಿಸಿ ಅವಳೆದುರು ಹಿಡಿದ.

“ಹಾಡತ್ತೆ. ಮಿಲ್ಲಿಂದೂ ಬಿಡಬ್ಯಾಡ. ಇಡೀ ಹರಿಹರ ನೋಡ್ತೈತೆ.”

ಹಾಡಿದಳು. ಮಿಲ್ಲಿನ ಚರಣಕ್ಕೆ ದನಿ ಏರಿತು, ಫೋನು ಹೊಡೆದುಕೊಳ್ಳತೊಡಗಿತು. ಅವನು ಎತ್ತಲಿಲ್ಲ. ಅವಳು ಅದೇ ಚರಣವನ್ನು ಮತ್ತೆ ಹಾಡಿದಳು, ಇನ್ನೂ ಜೋರಾಗಿ.

ಮುಗಿದ ಮೇಲೆ ಮೂಲೆಯ ಟಿವಿಯತ್ತ ಕಣ್ಣು ಹಾಯಿಸಿದಳು.

“ನಾನೊಬ್ಬಾಕೆನೇ ಕಾಣ್ತೀನಲ್ಲೋ. ಈಗ ನಿಮ್ಮ ಮಾವನ್ನ ಟಿವ್ಯಾಗ ಬಿಡು.”

ಫೋನು ಹೊಡೆದುಕೊಳ್ಳುತ್ತಲೇ ಇತ್ತು. ಊರಿನ ಮನೆಮನೆಯ ಟಿವಿಯಲ್ಲೂ ಕೆಂಚವ್ವ, ಬೆಂಚಿನ ಕೊನೆಗೆ ಸರಿದು ಪಕ್ಕದಲ್ಲಿ ಗಂಡನಿಗೆ ಜಾಗ ಬಿಟ್ಟು, ಕ್ಯಾಮೆರಾ ಹಿಡಿದ ಮಾಲತೇಶನನ್ನೇ ನೋಡುತ್ತ ಕಾಯುತ್ತಿದ್ದಳು.